ಬೆಂಕಿಗಿಂತ ಮೊದಲು ಹೊಗೆ ಬರುತ್ತೆ



2024ರ ಜೂನ್ 12ರ ಬೆಳಗಿನ ಜಾವ ಇಲ್ಲಿನ ಮಂಗಾಫ್‌ನಲ್ಲಿ ಕಾರ್ಮಿಕರ ಕಟ್ಟಡಕ್ಕೆ ಬೆಂಕಿ ಬಿದ್ದದ್ದನ್ನು ಕುವೈತ್‌ನಲ್ಲಿರೋ ನಾವ್ಯಾರೂ ಮರೆತಿಲ್ಲ. ಕನಿಷ್ಠ 45 ಭಾರತೀಯರು ಹೋದರು. ಅವರಲ್ಲಿ ಒಬ್ಬರು ನಮ್ಮ ಕಲಬುರಗಿ ಜಿಲ್ಲೆಯವರು. ಬೆಂಕಿ ಹತ್ತಿದ್ದು ನೆಲಮಹಡಿಯಲ್ಲಿ. ಮೇಲಿನ ಮಹಡಿಗಳಲ್ಲಿ ಮಲಗಿದ್ದವರಲ್ಲಿ ಹೆಚ್ಚಿನವರ ಜೀವ ತೆಗೆದದ್ದು ಹೊಗೆ. ಕೋಣೆಗಳ ನಡುವಿನ ಪಾರ್ಟಿಷನ್‌ಗಳು ಬೇಗ ಉರಿಯುವಂಥವು, ಮೆಟ್ಟಿಲ ತುಂಬ ಹೊಗೆ, ತಾರಸಿಯ ಬಾಗಿಲಿಗೆ ಬೀಗ ಎಂದು ಅಗ್ನಿಶಾಮಕ ದಳದವರು ಆಗ ಹೇಳಿದ್ದರು.

ಹೊಗೆ ಯಾವಾಗಲೂ ಮೇಲಕ್ಕೇ ಏರುತ್ತೆ. ಮೆಟ್ಟಿಲ ಜಾಗ ಅದಕ್ಕೆ ಚಿಮಣಿ ಇದ್ದ ಹಾಗೆ. ಆದ್ದರಿಂದ ಹಳೇ ಹಾಸಿಗೆ, ರಟ್ಟಿನ ಪೆಟ್ಟಿಗೆ, ಸೈಕಲ್ಲು ಯಾವುದನ್ನೂ ಮೆಟ್ಟಿಲ ಮೇಲೆ, ಕಾರಿಡಾರಿನಲ್ಲಿ ಇಡಬೇಡಿ. ಕೆಲವು ಉರಿಯುತ್ತವೆ, ಕೆಲವು ಕತ್ತಲಲ್ಲಿ ಓಡುವವರ ಕಾಲಿಗೆ ಅಡ್ಡ ಬರುತ್ತವೆ.

ಇನ್ನು ನಮ್ಮ ರೂಮು. ಇಲ್ಲಿನ ಮೂರು ಪಿನ್ನಿನ ಸಾಕೆಟ್ 13 ಆಂಪಿಯರಿನದು, ಹೆಚ್ಚೆಂದರೆ ಸುಮಾರು 3000 ವ್ಯಾಟ್ ತಡೆಯುತ್ತೆ. ಒಂದೇ ಎಕ್ಸ್‌ಟೆನ್ಶನ್ ಬೋರ್ಡಿಗೆ 2000 ವ್ಯಾಟಿನ ಕೆಟಲ್, 1000 ವ್ಯಾಟಿನ ಇಸ್ತ್ರಿಪೆಟ್ಟಿಗೆ, ಜೊತೆಗೊಂದು ರೈಸ್ ಕುಕ್ಕರ್ ಹಾಕಿದರೆ ಲೆಕ್ಕ ಅಲ್ಲೇ ಮೀರಿತು. ಪ್ಲಗ್ ಮುಟ್ಟಿದರೆ ಬಿಸಿ, ಸುಟ್ಟ ಪ್ಲಾಸ್ಟಿಕ್ಕಿನ ವಾಸನೆ, ಮತ್ತೆ ಮತ್ತೆ ಟ್ರಿಪ್ ಆಗೋದು, ಇವೆಲ್ಲ ಎಚ್ಚರಿಕೆಯ ಗಂಟೆ. ಎಸಿಯನ್ನು ಎಕ್ಸ್‌ಟೆನ್ಶನ್‌ಗೆ ಹಾಕಲೇಬೇಡಿ. ಮೊಬೈಲನ್ನು ದಿಂಬಿನ ಕೆಳಗಿಟ್ಟು ಚಾರ್ಜ್ ಮಾಡಬೇಡಿ.

ಎರಡು ಶಿಫ್ಟ್ ಮುಗಿಸಿ ಬಂದವರು ಒಗ್ಗರಣೆಗೆ ಎಣ್ಣೆ ಇಟ್ಟು ಅಲ್ಲೇ ತೂಕಡಿಸೋದುಂಟು. ಎಣ್ಣೆಗೆ ಬೆಂಕಿ ಹತ್ತಿದರೆ ನೀರು ಹಾಕಬೇಡಿ, ಉರಿ ಸಿಡಿದು ಮೈಮೇಲೆ ಬರುತ್ತೆ. ಒಲೆ ಆರಿಸಿ, ಮುಚ್ಚಳ ಮುಚ್ಚಿ, ಬಾಣಲೆ ಆರುವವರೆಗೆ ತೆಗೆಯಬೇಡಿ. ಗ್ಯಾಸ್ ವಾಸನೆ ಬಂದರೆ ರೆಗ್ಯುಲೇಟರ್ ಬಂದ್ ಮಾಡಿ, ಬಾಗಿಲು ಕಿಟಕಿ ತೆರೆದು ಹೊರಗೆ ಹೋಗಿ. ಲೈಟಿನ ಸ್ವಿಚ್ಚನ್ನು ಹಾಕಲೂ ಬೇಡಿ, ಆರಿಸಲೂ ಬೇಡಿ.

ರಾತ್ರಿ ಬೆಂಕಿ ಅಂತ ಕೂಗು ಕೇಳಿದರೆ? ಬಾಗಿಲನ್ನು ಅಂಗೈಯ ಹಿಂಭಾಗದಿಂದ ಮುಟ್ಟಿ ನೋಡಿ. ತಣ್ಣಗಿದ್ದು ಮೆಟ್ಟಿಲಲ್ಲಿ ಹೊಗೆ ಇಲ್ಲದಿದ್ದರೆ ಎಲ್ಲರನ್ನೂ ಎಬ್ಬಿಸಿ, ಬಾಗಿಲೆಳೆದುಕೊಂಡು ಇಳಿಯಿರಿ. ಲಿಫ್ಟ್ ಬೇಡ. ಬಾಗಿಲು ಬಿಸಿಯಿದ್ದರೆ, ಹೊರಗೆ ದಟ್ಟ ಹೊಗೆಯಿದ್ದರೆ ಒಳಗೇ ಇರಿ. ಬಾಗಿಲ ಸಂದಿಗೆ ಒದ್ದೆ ಬಟ್ಟೆ ತುರುಕಿ, 112ಕ್ಕೆ ಫೋನ್ ಮಾಡಿ, ಕಿಟಕಿಯಿಂದ ಬಟ್ಟೆ ಬೀಸಿ. ಹೊಗೆಯಲ್ಲಿ ಸಿಕ್ಕಿಕೊಂಡರೆ ನೆಲಕ್ಕೆ ಬಗ್ಗಿ ತೆವಳಿ, ಉಸಿರಾಡೋ ಗಾಳಿ ಉಳಿದಿರೋದು ಕೆಳಗೇ. ಪಾಸ್‌ಪೋರ್ಟಿಗಾಗಿ ವಾಪಸ್ ಹೋಗಬೇಡಿ. ಅದನ್ನು ಮತ್ತೆ ಮಾಡಿಸಬಹುದು.

"ಕಟ್ಟಡ ನಮ್ಮದಲ್ಲ, ಹೇಳಿದ್ರೆ ಕೆಲಸಕ್ಕೇ ಕುತ್ತು" ಅಂತ ಹಲವರು ಹೇಳ್ತಾರೆ. ಆ ಭಯ ಸುಳ್ಳಲ್ಲ. ಅದಕ್ಕೇ ಒಬ್ಬರೇ ಹೋಗಬೇಡಿ. ಮಲಯಾಳಿ, ತಮಿಳು, ಬಂಗಾಳಿ ಅನ್ನದೆ ಮಹಡಿಯವರೆಲ್ಲ ಸೇರಿ ಕೇಳಿ. ಹತ್ತು ಜನ ಒಟ್ಟಿಗೆ ನಿಂತು ಕೇಳಿದರೆ ಅದು ಒಬ್ಬರ ದೂರು ಆಗಲ್ಲ. ಫೋಟೋ ತೆಗೆದು ಕ್ಯಾಂಪ್ ಬಾಸ್‌ಗೆ ವಾಟ್ಸಾಪ್‌ನಲ್ಲಿ ಕಳಿಸಿ, ದಾಖಲೆ ಉಳಿಯುತ್ತೆ.

ಮನೆಗೆ ಬೆಂಕಿ ಬಿದ್ದಾಗ ಬಾವಿ ತೋಡಿದಂತೆ ಅನ್ನೋ ಗಾದೆ ನಮ್ಮಲ್ಲಿದೆಯಲ್ಲ. ಈ ಶುಕ್ರವಾರ ರಜೆಯಲ್ಲಿ ರೂಮಿನವರೆಲ್ಲ ಒಂದು ಕೆಲಸ ಮಾಡಿ. ನಿಮ್ಮ ಬಾಗಿಲಿಂದ ಬೀದಿವರೆಗೆ ಮೆಟ್ಟಿಲಿಳಿದು ಬನ್ನಿ. ಆಮೇಲೆ ಮೇಲೆ ಹತ್ತಿ ತಾರಸಿಯ ಬಾಗಿಲು ತಳ್ಳಿ ನೋಡಿ. ಬೀಗ ಹಾಕಿದ್ದರೆ ಹಾರಿಸ್‌ನನ್ನು ಕೇಳಿ: ರಾತ್ರಿ ಇದನ್ನು ತೆಗೆಯೋರು ಯಾರು? ಉತ್ತರ ಸಿಗುವವರೆಗೆ ಕೇಳ್ತಾನೇ ಇರಿ.