ಒಬ್ಬ ಕಡಿಮೆಯಾದ ಸರ್ಕಸ್ಸು

ಪೈಥಾನ್‌ನಲ್ಲಿ ಕೋಡ್ ಬರೆಯುವ ಎಷ್ಟೋ ಮಂದಿ ಆ ಹೆಸರು ಹೆಬ್ಬಾವಿನದೆಂದೇ ನಂಬಿದ್ದಾರೆ. ಅಲ್ಲ ಸ್ವಾಮಿ. ಗಿಡೋ ವಾನ್ ರಾಸಮ್ ಅದನ್ನು ಎತ್ತಿಕೊಂಡಿದ್ದು 'ಮಾಂಟಿ ಪೈಥಾನ್ಸ್ ಫ್ಲೈಯಿಂಗ್ ಸರ್ಕಸ್' ಎಂಬ ಬಿಬಿಸಿಯ ಹಾಸ್ಯ ಕಾರ್ಯಕ್ರಮದಿಂದ. ನಮ್ಮ ಇನ್‌ಬಾಕ್ಸ್ ತುಂಬುವ 'ಸ್ಪ್ಯಾಮ್' ಕೂಡ ಅವರ 1970ರ ಪ್ರಹಸನವೊಂದರ ಕೊಡುಗೆಯೇ.

1969ರಲ್ಲಿ ಶುರುವಾದ ಆ ಸರ್ಕಸ್ಸಿನಲ್ಲಿ ಆರು ಜನ. ಮೊದಲ ಮೂರು ಸರಣಿಗೆ ತಲಾ 13 ಕಂತು. ಆಮೇಲೆ ಜಾನ್ ಕ್ಲೀಸ್ ಹೊರನಡೆದರು. ಮಾಡಿದ್ದನ್ನೇ ಮಾಡುತ್ತಿದ್ದೇವೆ ಎಂಬ ಬೇಸರ ಅವರದು. ಉಳಿದ ಐವರು 1974ರಲ್ಲಿ ಕೊನೆಯ ಸರಣಿ ಮಾಡಿದರು. ಹೆಸರಿನಿಂದ 'ಫ್ಲೈಯಿಂಗ್ ಸರ್ಕಸ್' ಹೋಗಿ ಬರೀ 'ಮಾಂಟಿ ಪೈಥಾನ್' ಉಳಿಯಿತು. ಕಂತುಗಳು ಬರೀ 6.

ಈಗ ನೋಡಿದರೂ ಕೊರತೆ ಎದ್ದು ಕಾಣುತ್ತದೆ. ಕ್ಲೀಸ್ ಅವರ ನೀಳ ಕಾಲು, ಗದರುವ ದನಿ, ಸಾಹೇಬರ ಗತ್ತು ಇಲ್ಲ. ಆದರೆ ಐವರೂ ಹಳೆಯದನ್ನೇ ಅರೆಯುತ್ತಾ ಕೂರಲಿಲ್ಲ. ಚೂರುಪಾರು ಪ್ರಹಸನಗಳ ಬದಲು ಅರ್ಧ ಗಂಟೆಗೆ ಒಂದೇ ಕತೆ ಹೆಣೆಯಲು ನೋಡಿದರು. ದೊಡ್ಡ ಅಂಗಡಿಗೆ ಹೋಗಿ ಇರುವೆ ಕೊಳ್ಳುವವನ ಕಂತು ನೋಡಿ, ಗೊತ್ತಾಗುತ್ತದೆ. ಕೆಲವೆಡೆ ಎಳೆದಂತಿದೆ, ನಿಜ. ಆದರೂ ಅದು ಸುಸ್ತಾದವರ ಕೆಲಸವಲ್ಲ.

1975ರಲ್ಲಿ 'ಹೋಲಿ ಗ್ರೇಲ್' ಸಿನಿಮಾದಲ್ಲಿ ಆರೂ ಜನ ಮತ್ತೆ ಒಟ್ಟಿಗಿದ್ದರು. ಅದೇ ವರ್ಷ ಕ್ಲೀಸ್ 'ಫಾಲ್ಟಿ ಟವರ್ಸ್' ಶುರು ಮಾಡಿ, ಒಟ್ಟು 12 ಕಂತಿಗೇ ಮುಗಿಸಿದರು.

ಟೀಮಿನಿಂದ ಒಬ್ಬರು ಹೋದರೆ ದ್ರೋಹ ಎನ್ನುತ್ತೇವೆ, ಉಳಿದವರನ್ನು ಕಂಡರೆ ಅಯ್ಯೋ ಪಾಪ ಎನ್ನುತ್ತೇವೆ. ಇಲ್ಲಿ ಹೋದವರೂ ಬೆಳೆದರು, ಉಳಿದವರೂ ಬೆಳೆದರು. ನಿಲ್ಲಿಸಿದ್ದರಿಂದ ಕೆಟ್ಟವರು ಯಾರೂ ಇಲ್ಲ.