ಚೀಲ ಬೇರೆ, ಮೈ ಬೇರೆ

"ಮಗಳು ಶಿರಸಿಯಲ್ಲಿ ಕಾಲೇಜಿಗೆ ಹೋಗುತ್ತಾಳೆ. ಶನಿವಾರ ಸಂಜೆ ಬಸ್ಸಿಗೆ ಮನೆಗೆ ಬರುತ್ತಾಳೆ. ದಾರಿಯಲ್ಲಿ ಪೊಲೀಸರು ಬಸ್ಸು ನಿಲ್ಲಿಸಿ ಗಾಂಜಾ ಹುಡುಕುತ್ತಾರಂತೆ. ಗಂಡು ಪೊಲೀಸರು ಇವಳ ಮೈ ತಡಕಿದರೆ ಏನು ಮಾಡುವುದು?"

ಯಲ್ಲಾಪುರದ ಕಡೆಯ ತಾಯಿಯೊಬ್ಬರು ಈಚೆಗೆ ದನಿ ತಗ್ಗಿಸಿ ಕೇಳಿದ ಪ್ರಶ್ನೆ ಇದು. ದನಿ ತಗ್ಗಿಸಿ ಕೇಳಬೇಕಾದ ಪ್ರಶ್ನೆಯೇನೂ ಅಲ್ಲ. ಶಿರಸಿ, ಸಿದ್ದಾಪುರ, ಯಲ್ಲಾಪುರಗಳಿಂದ ಓದಲಿಕ್ಕೆಂದು ಊರು ಬಿಟ್ಟು ಹೋಗುವ ಹೆಣ್ಣುಮಕ್ಕಳಿಗೂ ಅವರ ತಂದೆತಾಯಿಗಳಿಗೂ ಇದರ ಉತ್ತರ ತಿಳಿದಿರಬೇಕು.

ಮಾದಕ ವಸ್ತುಗಳ ಕಾಯ್ದೆ ಬಂದದ್ದು 1985ರಲ್ಲಿ. ಬಹಳ ಕಠಿಣವಾದ ಕಾಯ್ದೆ. ಕಠಿಣ ಎಂಬ ಕಾರಣಕ್ಕೇ ಅದರ 50ನೇ ಕಲಮಿನಲ್ಲಿ ಎರಡು ರಕ್ಷಣೆಗಳನ್ನು ಇಟ್ಟಿದ್ದಾರೆ.

ಒಂದು, ಗಂಡಾಗಲಿ ಹೆಣ್ಣಾಗಲಿ, ಅನುಮಾನಕ್ಕೆ ಒಳಗಾದವರು ಬಯಸಿದರೆ ಅವರನ್ನು ಹತ್ತಿರದ ಪತ್ರಾಂಕಿತ ಅಧಿಕಾರಿ ಅಥವಾ ಮ್ಯಾಜಿಸ್ಟ್ರೇಟರ ಮುಂದೆ ಕರೆದೊಯ್ದು ಅಲ್ಲಿಯೇ ಅಂಗಶೋಧನೆ ಮಾಡಬೇಕು. ಇದಕ್ಕಾಗಿ ಕಾರವಾರದವರೆಗೆ ಹೋಗಬೇಕಾಗಿಲ್ಲ. ತಾಲೂಕಿನ ತಹಶೀಲ್ದಾರರು ತಾಲೂಕು ದಂಡಾಧಿಕಾರಿಯೂ ಹೌದು. ಶೋಧನೆಗೆ ತಕ್ಕ ಕಾರಣ ಕಾಣದಿದ್ದರೆ ಆ ಅಧಿಕಾರಿ ಕೂಡಲೇ ಬಿಟ್ಟು ಕಳಿಸಬೇಕು.

ಎರಡು, ಹೆಣ್ಣನ್ನು ಹೆಣ್ಣಲ್ಲದೆ ಬೇರೆ ಯಾರೂ ಶೋಧಿಸಕೂಡದು.

2001ರಲ್ಲಿ ಮೊದಲನೆಯ ರಕ್ಷಣೆಗೆ ಒಂದು ವಿನಾಯಿತಿ ಸೇರಿತು. ಅರಬೈಲು ಘಟ್ಟದಲ್ಲಿ ರಾತ್ರಿ ಬಸ್ಸು ನಿಂತಿದೆ ಎಂದಿಟ್ಟುಕೊಳ್ಳಿ. ಅಧಿಕಾರಿಯ ಹತ್ತಿರ ಕರೆದೊಯ್ಯುವಷ್ಟರಲ್ಲಿ ಮಾಲು ಕೈಬಿಟ್ಟು ಹೋಗುತ್ತದೆ ಎಂದು ನಂಬಲು ಕಾರಣವಿದ್ದರೆ ಪೊಲೀಸರು ಅಲ್ಲಿಯೇ ಶೋಧಿಸಬಹುದು. ಆದರೆ ಆ ಕಾರಣವನ್ನು ಬರೆದಿಟ್ಟು 72 ಗಂಟೆಯೊಳಗೆ ಮೇಲಧಿಕಾರಿಗೆ ಕಳಿಸಬೇಕು. ಇಲ್ಲಿ ಗಮನಿಸಬೇಕಾದ ಮಾತೊಂದಿದೆ. ಇಂಥ ತುರ್ತಿನಲ್ಲಿ ಅನುಸರಿಸಬೇಕಾದ ಸಾಮಾನ್ಯ ಕಾನೂನು ಕೂಡ ಹೆಣ್ಣನ್ನು ಹೆಣ್ಣೇ, ಮರ್ಯಾದೆಗೆ ಕುಂದು ಬಾರದಂತೆ ಶೋಧಿಸಬೇಕು ಎನ್ನುತ್ತದೆ. ಹಿಂದೆ ದಂಡ ಪ್ರಕ್ರಿಯಾ ಸಂಹಿತೆಯಲ್ಲಿದ್ದ ಈ ನಿಯಮ 2024ರ ಜುಲೈ 1ರಿಂದ ಜಾರಿಯಾದ ಭಾರತೀಯ ನಾಗರಿಕ ಸುರಕ್ಷಾ ಸಂಹಿತೆಯಲ್ಲಿಯೂ ಉಳಿದಿದೆ. ಅಂದರೆ ತುರ್ತಿದ್ದರೆ ಮ್ಯಾಜಿಸ್ಟ್ರೇಟರನ್ನು ಬಿಡಬಹುದು, ಮಹಿಳೆಯನ್ನು ಬಿಡುವಂತಿಲ್ಲ. ಠಾಣೆಯಲ್ಲಿ ಆ ಹೊತ್ತಿಗೆ ಮಹಿಳಾ ಪೇದೆ ಇಲ್ಲ ಎಂಬುದು ನೆಪವಾಗಲಾರದು. ಕರೆಸುವವರೆಗೆ ಕಾಯಬೇಕು.

ಈ ಹಕ್ಕು ಇದೆಯೆಂದು ಹೇಳುವುದು ಪೊಲೀಸರದೇ ಕರ್ತವ್ಯ. 1999ರಲ್ಲಿ ಬಲದೇವ್ ಸಿಂಗ್ ಮೊಕದ್ದಮೆಯಲ್ಲಿ ಸುಪ್ರೀಂ ಕೋರ್ಟಿನ ಸಂವಿಧಾನ ಪೀಠ ಹಾಗೆಂದಿತು. 2010ರಲ್ಲಿ ವಿಜಯಸಿಂಹ ಜಡೇಜಾ ಮೊಕದ್ದಮೆಯಲ್ಲಿ, ಹೆಚ್ಚುಕಡಿಮೆ ಪಾಲಿಸಿದರೆ ಸಾಲದು, ಕಟ್ಟುನಿಟ್ಟಾಗಿ ಪಾಲಿಸಬೇಕು ಎಂದು ಇನ್ನೊಂದು ಸಂವಿಧಾನ ಪೀಠ ತೀರ್ಮಾನಿಸಿತು. ಇಬ್ಬರು ಗೆಳತಿಯರನ್ನು ಒಟ್ಟಿಗೆ ನಿಲ್ಲಿಸಿ ಒಂದೇ ಮಾತಿನಲ್ಲಿ ತಿಳಿಸಿದರೂ ಆಗದು, ಒಬ್ಬೊಬ್ಬರಿಗೂ ಬೇರೆಬೇರೆಯಾಗಿ ಹೇಳಬೇಕು ಎಂಬುದು 2014ರ ತೀರ್ಪು. "ನಮ್ಮ ಎದುರೇ ಶೋಧನೆ ಆದರೆ ಆಗದೇ?" ಎಂದು ಮೂರನೆಯ ದಾರಿ ತೋರಿಸುವುದೂ ತಪ್ಪು ಎಂದು ಅದೇ ತೀರ್ಪು ಹೇಳಿತು.

ಇಷ್ಟು ಕೇಳಿ ಆ ತಾಯಿಗೆ ಸಮಾಧಾನವಾಯಿತು. ಆದರೆ ಮಾತು ಇಲ್ಲಿಗೇ ಮುಗಿಯುವುದಿಲ್ಲ. ಈ ರಕ್ಷಣೆ ಇರುವುದು ಮೈಗೆ, ಮೈಮೇಲಿನ ಬಟ್ಟೆಗೆ, ಕಾಲಿನ ಚಪ್ಪಲಿಗೆ. ಹೆಗಲ ಮೇಲಿನ ಚೀಲಕ್ಕಿಲ್ಲ. 2005ರಲ್ಲಿ ಪವನ್ ಕುಮಾರ್ ಮೊಕದ್ದಮೆಯಲ್ಲಿ ಹೇಳಿದ್ದನ್ನು ಸುಪ್ರೀಂ ಕೋರ್ಟು 2023ರಲ್ಲಿ ಮತ್ತೆ ಎತ್ತಿ ಹಿಡಿದಿದೆ. ಹಾಗಾಗಿ ಚೀಲವನ್ನು ಗಂಡು ಪೊಲೀಸರು ಬಿಚ್ಚಿ ನೋಡಿದರೆ 50ನೇ ಕಲಮು ಅಡ್ಡಬರುವುದಿಲ್ಲ.

ಹೆಣ್ಣುಮಕ್ಕಳು ಎಚ್ಚರಿಕೆಯಿಂದ ಇರಬೇಕಾದದ್ದು ಈ ವಿಷಯದಲ್ಲಿ. "ಹುಬ್ಬಳ್ಳಿಯಲ್ಲಿ ನನ್ನ ಗೆಳೆಯ ಬಂದು ತೆಗೆದುಕೊಳ್ಳುತ್ತಾನೆ, ಈ ಪೊಟ್ಟಣ ಇಟ್ಟುಕೋ" ಎಂದು ಯಾರಾದರೂ ಕೊಟ್ಟರೆ ದಾಕ್ಷಿಣ್ಯಕ್ಕೆ ಬೀಳಬೇಡಿ. ನಿಮ್ಮ ವಶದಲ್ಲಿ ಸಿಕ್ಕಿತೆಂದು ರುಜುವಾತಾದರೆ, ಒಳಗೇನಿದೆ ಎಂದು ತಿಳಿದಿರಲಿಲ್ಲ ಎಂಬುದನ್ನು ನೀವೇ ತೋರಿಸಿಕೊಡಬೇಕಾಗುತ್ತದೆ. ಒಂದು ಕಿಲೋವರೆಗಿನ ಗಾಂಜಾಕ್ಕೆ ಒಂದು ವರ್ಷದವರೆಗೆ ಸಜೆ ಅಥವಾ 10,000 ರೂಪಾಯಿವರೆಗೆ ದಂಡ, ಇಲ್ಲವೆ ಎರಡೂ. 20 ಕಿಲೋ ಮೀರಿದರೆ ಕನಿಷ್ಠ ಹತ್ತು ವರ್ಷ.

ಪೊಲೀಸರ ಕೆಲಸಕ್ಕೆ ಅಡ್ಡಿಮಾಡುವ ಪಾಠ ಇದಲ್ಲ. ಗಾಂಜಾ ಊರು ಹೊಕ್ಕದಿರಲಿ ಎಂದು ಎಲ್ಲರಿಗಿಂತ ಹೆಚ್ಚು ಬಯಸುವವರು ತಂದೆತಾಯಿಗಳೇ. ಕಾರಣವಿಲ್ಲದೆ ಕಿರುಕುಳಕ್ಕಾಗಿ ಶೋಧಿಸುವ ಅಧಿಕಾರಿಗೆ ಆರು ತಿಂಗಳವರೆಗೆ ಸಜೆ ವಿಧಿಸಬಹುದೆಂದು ಇದೇ ಕಾಯ್ದೆಯ 58ನೇ ಕಲಮು ಹೇಳುತ್ತದೆ. ದ್ವೇಷದಿಂದ ಸುಳ್ಳು ಸುದ್ದಿ ಕೊಟ್ಟು ಒಬ್ಬರನ್ನು ಸಿಕ್ಕಿಸಿದವರಿಗೆ ಎರಡು ವರ್ಷದವರೆಗೆ.

ಮಕ್ಕಳಿಗೆ ಮನೆಯಲ್ಲಿ ಕಲಿಸಬೇಕಾದದ್ದು ಮೂರೇ ಮಾತು. ಓಡಬೇಡ, ಜಗಳಕ್ಕೆ ಇಳಿಯಬೇಡ. ಮೈ ಶೋಧಿಸುವುದಾದರೆ "ಸರ್, ಮಹಿಳೆಯರನ್ನು ಕರೆಸಿ, ಮ್ಯಾಜಿಸ್ಟ್ರೇಟರ ಮುಂದೆಯೇ ಆಗಲಿ" ಎಂದು ಎಲ್ಲರಿಗೂ ಕೇಳುವಂತೆ ಹೇಳು. ಪಂಚನಾಮೆಯನ್ನು ಓದದೆ ಸಹಿ ಹಾಕಬೇಡ.

ಆ ತಾಯಿ ಹೊರಡುವಾಗ, "ಚೀಲದ ಮಾತನ್ನೇ ಮೊದಲು ಹೇಳುತ್ತೇನೆ" ಎಂದರು. ಈ ಸಲ ದನಿ ತಗ್ಗಿರಲಿಲ್ಲ.