ಅಪ್ಪಣೆಯೂ ಪಾಲನೆಯೂ

ಅಪ್ಪಣೆ ಹೊರಟೊಡನೆ ಕಾರ್ಯವು ನೆರವೇರಿತೆಂದು ಭಾವಿಸುವುದು ಅಧಿಕಾರದ ಪೀಠದಲ್ಲಿ ಕುಳಿತವರಿಗೆ ಸಹಜವಾದ ದೌರ್ಬಲ್ಯ. ಯಂತ್ರಗಳ ವಿಷಯದಲ್ಲಾದರೋ ಅದು ಅನರ್ಥಕ್ಕೂ ಮೂಲ. 1979ರ ಮಾರ್ಚ್ 28ರಂದು ಅಮೆರಿಕದ ಪೆನ್ಸಿಲ್ವೇನಿಯದ ತ್ರೀ ಮೈಲ್ ಐಲೆಂಡ್ ಪರಮಾಣು ವಿದ್ಯುದಾಗಾರದಲ್ಲಿ, ಮುಚ್ಚಿಕೊಳ್ಳಬೇಕಾಗಿದ್ದ ಒತ್ತಡನಿವಾರಕ ಕವಾಟವೊಂದು ತೆರೆದೇ ಉಳಿದು, ಎರಡು ಗಂಟೆಗೂ ಮಿಕ್ಕಿ ಶೀತಕಜಲವು ಹೊರಹೋಗುತ್ತಿದ್ದರೂ ನಿಯಂತ್ರಣ ಕೊಠಡಿಯವರು ಅದನ್ನು ಅರಿಯದೆ ಹೋದರು; ಏಕೆಂದರೆ ಅವರ ಮುಂದಿನ ದೀಪವು ಆರಿದುದು ಮುಚ್ಚೆಂಬ ಆಜ್ಞೆ ಹೋದುದರ ಗುರುತಾಗಿತ್ತೇ ಹೊರತು, ಕವಾಟವು ಮುಚ್ಚಿತೆಂಬುದರ ಗುರುತಾಗಿರಲಿಲ್ಲ.

ಆಜ್ಞೆಗೂ ಆಚರಣೆಗೂ ನಡುವಣ ಇಂಥ ಅಂತರವನ್ನು ಕಾಯಲೆಂದೇ ಕಾರ್ಖಾನೆಗಳ ನಿಯಂತ್ರಕ ಕವಾಟಗಳ ಮಗ್ಗುಲಿಗೆ ಪೊಸಿಷನರ್ ಎಂಬ ಕಿರುಪೆಟ್ಟಿಗೆಯನ್ನು ಜೋಡಿಸಿರುತ್ತಾರೆ. 4ರಿಂದ 20 ಮಿಲಿಆಂಪಿಯರ್‌ವರೆಗಿನ ವಿದ್ಯುತ್ಪ್ರವಾಹವಾಗಿ ಬಂದ ಅಪ್ಪಣೆಯನ್ನು ವಾಯುವಿನ ಒತ್ತಡವಾಗಿ ಮಾರ್ಪಡಿಸಿ, ಕವಾಟದ ದಂಡವು ವಾಸ್ತವವಾಗಿ ಎಷ್ಟು ಚಲಿಸಿತೆಂಬುದನ್ನು ಸನ್ನೆಗೋಲಿನ ಮೂಲಕ ಅರಿತು, ಎರಡೂ ಸರಿಹೊಂದುವವರೆಗೆ ಗಾಳಿಯನ್ನು ಹೆಚ್ಚುಕಡಿಮೆ ಮಾಡುವುದೇ ಅದರ ಧರ್ಮ. ಎಣಿಕೆಯು ಸೊನ್ನೆಯನ್ನು ಬಿಟ್ಟು 4ರಿಂದ ತೊಡಗುವುದರಲ್ಲಿಯೂ ಒಂದು ವಿವೇಕವುಂಟು: ತಂತಿ ತುಂಡಾದರೆ ಪ್ರವಾಹವು ಸೊನ್ನೆಗಿಳಿಯುವುದರಿಂದ, 'ಮುಚ್ಚು' ಎಂಬ ಮಾತಿಗೂ ಬರಿಯ ಮೌನಕ್ಕೂ ಭೇದವು ತಿಳಿಯುತ್ತದೆ.

ಈಗಿನ ಪೊಸಿಷನರುಗಳಲ್ಲಿ ಗುಂಡಿಯೊಂದನ್ನೊತ್ತಿದರೆ ಆಟೋ ಕ್ಯಾಲಿಬ್ರೇಷನ್, ಎಂದರೆ ಅಳತೆಯ ಹೊಂದಿಕೆ, ತಾನಾಗಿಯೇ ಮುಗಿಯುವಾಗ ಕವಾಟದ ಬಳಿಗೆ ನಡೆದುಹೋಗುವ ಶ್ರಮವೇಕೆಂದು ಕೇಳುವವರಿದ್ದಾರೆ. ಅವರ ಮಾತು ನನಗೆ ಸಮ್ಮತವಾಗದು. ದಂಡವು ಎಲ್ಲೆಲ್ಲಿ ತಡೆದು ನಿಂತಿತೋ ಅವನ್ನೇ ಆ ಯಂತ್ರವು ಆದ್ಯಂತಗಳೆಂದು ಗ್ರಹಿಸುವುದರಿಂದ, ಕೈಚಕ್ರವನ್ನು ಯಾರಾದರೂ ಅರ್ಧ ತಿರುಗಿಸಿ ಮರೆತಿದ್ದರೆ, ಇಲ್ಲವೆ ಕವಾಟದ ಪೀಠದಲ್ಲಿ ಕಸವು ಸಿಲುಕಿದ್ದರೆ, ಆ ಮಿಥ್ಯೆಯನ್ನೇ ಚಲನೆಯ ಆರಂಭಬಿಂದುವಾದ ಝೀರೋ ಎಂದು ಬಗೆದು ನಿಶ್ಚಿಂತೆಯಿಂದ ವರದಿಮಾಡಬಹುದು. ಆದಕಾರಣ, ಅರ್ಧ ಸ್ಟ್ರೋಕಿನಲ್ಲಿ, ಎಂದರೆ ದಂಡದ ಚಲನೆಯ ನಡುಮಟ್ಟದಲ್ಲಿ, ಸನ್ನೆಗೋಲು ದಂಡಕ್ಕೆ ಲಂಬವಾಗಿ ನಿಲ್ಲುವಂತೆ ಹೊಂದಿಸಿ, 4, 8, 12, 16, 20 ಎಂದು ಐದು ಮೆಟ್ಟಿಲು ಏರಿ, ಅಷ್ಟನ್ನೂ ಮರಳಿ ಇಳಿದು, ಒಂದೊಂದರಲ್ಲಿಯೂ ದಂಡದ ನಿಲುವನ್ನು ಅಳತೆಪಟ್ಟಿಯ ಮೇಲೆ ಕಣ್ಣಾರೆ ಓದುವ ಹಳೆಯ ಕ್ರಮವನ್ನು ಕೈಬಿಡಲಾಗದು. ಏರುವಾಗಿನ ನಿಲುವು ಇಳಿಯುವಾಗ ಕಾಣದಿದ್ದರೆ ದಂಡದ ಸುತ್ತ ಸೋರಿಕೆಯನ್ನು ತಡೆಯುವ ಗ್ಲ್ಯಾಂಡಿನ ಬಿಗಿತವನ್ನೋ ಜೋಡಣೆಯ ಸಡಿಲವನ್ನೋ ಶಂಕಿಸಬೇಕು. ಝೀರೋವನ್ನೂ ಚಲನೆಯ ವ್ಯಾಪ್ತಿಯಾದ ಸ್ಪ್ಯಾನನ್ನೂ ಎಷ್ಟು ತಿರುವಿದರೂ ಆ ದೋಷವು ನೀಗದು.

ವಾರ್ಷಿಕ ನಿಲುಗಡೆಯಲ್ಲಿ ಕಾಲ ಸಾಲದೆ ಬಂದಾಗ ಈ ಕೆಲಸವನ್ನು ಮೊಟಕುಮಾಡುವ ಮನಸ್ಸಾಗುವುದು ಅಸ್ವಾಭಾವಿಕವೇನಲ್ಲ. ಆದರೂ ತಿದ್ದುವ ಮುನ್ನ ಕಂಡ ಅಂಕಿಗಳನ್ನೂ ತಿದ್ದಿದ ಮೇಲೆ ಕಂಡ ಅಂಕಿಗಳನ್ನೂ ಎರಡು ಸಾಲಾಗಿ ಬರೆದ ಕಾಗದವನ್ನು ತರಿಸಿ ನೋಡದೆ, ಯಾವ ವ್ಯವಸ್ಥಾಪಕನೂ ಕಾರ್ಖಾನೆಯ ಪುನರಾರಂಭಕ್ಕೆ ರುಜು ಹಾಕಬಾರದು.